ಅಕ್ಬರಸಾಬನ ಹೊಟ್ಟೆನೋವು

ಚಂದ್ರ ಒಂದು ದಿನ ಮೊದಲೇ ಕಂಡದ್ದೇ ತಪ್ಪಾಯಿತು. ಪೈಗಂಬರರ ಜನ್ಮದಿನಕ್ಕೆ ಸರಕಾರ ಆ ವರ್ಷ ಮೊದಲ ಸಲ ರಜೆ ಘೋಷಿಸಿತ್ತು. ಆದರೆ ಕ್ಯಾಲೆಂಡರಿನಲ್ಲಿ ಕೆಂಪು ಬಿದ್ದದ್ದು ಗುರುವಾರಕ್ಕೆ, ಚಿಕ್ಕೋಡಿಯ ಜಮಾತಿನವರು ಹಬ್ಬ ಗೊತ್ತುಮಾಡಿದ್ದು ಬುಧವಾರಕ್ಕೆ.

ಶಾಲೆಗಳ ಉಸ್ತುವಾರಿ ನೋಡುವ ಕಚೇರಿಗೆ ಅಕ್ಬರಸಾಬ ಒಬ್ಬನೇ ಜವಾನ. ಹಬ್ಬವೆಂದು ಬರೆದ ಅರ್ಜಿ ‘ರಜೆಯ ಪಟ್ಟಿಯಲ್ಲಿಲ್ಲ’ ಎಂದು ತಿರುಗಿ ಬರುತ್ತಿದ್ದುದರಿಂದ, ಪಾಪ, ಪ್ರತಿವರ್ಷ ‘ಹೊಟ್ಟೆನೋವು’ ಎಂದು ಬರೆದು ರಜೆ ಪಡೆಯುತ್ತಿದ್ದ. ಈ ವರ್ಷದ ಮಾತೇ ಬೇರೆ. ಮೆರವಣಿಗೆಯ ಮುಂದೆ ನಿಂತು ಪೈಗಂಬರರ ಸ್ತುತಿ ಹಾಡುತ್ತಿದ್ದ ತಂದೆ ಉಸ್ಮಾನಸಾಬ ತೀರಿಕೊಂಡಿದ್ದ. ಆ ಜಾಗ ಈಗ ಮಗನದು. ಕಣ್ಣು ಕಾಣದ ತಾಯಿ ಜನ್ನತಬಿ, “ನಿಮ್ಮಪ್ಪನ ದನಿ ನಿನ್ನ ಬಾಯಾಗ ಕೇಳಬೇಕಪಾ” ಎಂದು ಕಾದು ಕುಳಿತಿದ್ದಳು.

ಸರಕಾರ ತಾನಾಗಿಯೇ ಸರಿಮಾಡೀತು ಎಂದು ಕಾದು ಕಾದು, ಮಂಗಳವಾರ ಮುಂಜಾನೆ ಅವನು ಕಚೇರಿಯ ಅಧಿಕಾರಿ ಧನಪಾಲ ಸಾಹೇಬರ ಮುಂದೆ ಕೈಕಟ್ಟಿ ನಿಂತು, ಹಬ್ಬ ನಾಳೆಯೇ ಎಂದು ಹೇಳಿದ.

“ಅದಕ್ಕೇನೋ? ಹೊಟ್ಟಿನೋವು ಅಂತ ಬರದು ಕೊಡು, ಸಹಿ ಮಾಡ್ತೀನಿ.”

“ಬ್ಯಾಡ್ರಿ ಸಾಹೇಬ್ರ. ಸರಕಾರನ ನಮ್ಮ ದಿನ ಅಂತ ಒಪ್ಪೈತಿ. ಇನ್ನೂ ಯಾಕ್ರಿ ಸುಳ್ಳು ಬರೀಲಿ? ಅಪ್ಪನ ಜಾಗದಾಗ ನಿಲ್ಲಾಂವ ನಾ.”

ಸಾಹೇಬರ ಮನಸ್ಸು ಕರಗಿತು. ಬೆಳಗಾವಿಯ ಮೇಲಿನ ಕಚೇರಿಗೆ ಫೋನು ಹಚ್ಚಿ, ರಜೆಯನ್ನು ಬುಧವಾರಕ್ಕೆ ಬದಲಿಸಲು ಕೇಳಿದರು. ಸುದ್ದಿ ಹೊರಗಿನ ಕೋಣೆಗೆ ಮುಟ್ಟಿದ್ದೇ ತಡ, ಟೈಪಿಸ್ಟ್ ಕುಸುಮಾ ಉರಿದುಬಿದ್ದಳು.

“ಗುರುವಾರ ಕೊಲ್ಲಾಪುರಕ್ಕ ಹೋಗೂದಿತ್ತು ನಂದು. ಎಲ್ಲಾ ಕೆಡಿಸಿದಿ ನೋಡಣ್ಣಾ.”

“ಚಂದ್ರಗ ಇಂವನ ಹೇಳಿ ಲಗೂ ಕರಸ್ಯಾನವಾ” ಎಂದು ಗುಮಾಸ್ತ ನೇಮಿನಾಥ ತುಪ್ಪ ಸುರಿದ.

ಮಧ್ಯಾಹ್ನವೆಲ್ಲ ಅಕ್ಬರಸಾಬ ಫೋನಿನ ಪಕ್ಕದಲ್ಲಿ, ಹಾಲು ಉಕ್ಕುವುದನ್ನು ಕಾಯುವವನಂತೆ ನಿಂತೇ ಇದ್ದ. ಕಚೇರಿ ಮುಚ್ಚುವ ಹೊತ್ತಿಗೆ ಅದು ಬಡಿದುಕೊಂಡಿತು. ರಜೆ ಬುಧವಾರಕ್ಕೇ ಆಯಿತು, ಗುರುವಾರ ಕಚೇರಿ. ನಾಳೆಯೇ ರಜೆ ಎಂದಾಗ ಕುಸುಮಾಳ ಸಿಟ್ಟೂ ಇಳಿಯಿತು. ನೇಮಿನಾಥ ಚಹಾ ತರಿಸಿದ. ಅಕ್ಬರಸಾಬನ ಕಣ್ಣು ತುಂಬಿ ಬಂದವು.

ಅಷ್ಟರಲ್ಲಿ ಸಾಹೇಬರು ಹಣೆ ತಿಕ್ಕಿಕೊಂಡರು. “ಹಳ್ಳಿ ಸಾಲಿಗೋಳಿಗೆ ಇದು ಗೊತ್ತಿಲ್ಲಲ್ಲೋ. ಮಾಸ್ತರರೆಲ್ಲಾ ಪರಊರಾವ್ರು, ಈಗ ಯಾರೂ ಸಿಗೂದಿಲ್ಲ. ನಾಳೆ ಮುಂಜಾನೆ ಹೋಗಿ ಹೇಳಬೇಕಾಕ್ಕೈತಿ.”

ಎಲ್ಲರೂ ಅಕ್ಬರಸಾಬನ ಕಡೆ ನೋಡಿದರು. ಅವನು ಚಹಾದ ಬಸಿ ಕೆಳಗಿಟ್ಟ.

“ಸಾಹೇಬ್ರ, ಹಂಗಾರ ಹೊಟ್ಟಿನೋವು ಅಂತ ಬರದು ಕೊಡ್ತೀನ್ರಿ.”

“ರಜಾ ದಿನಕ್ಕ ರಜಾ ಹೆಂಗೋ ಕೊಡಾಕ ಬರ್ತೈತಿ?” ಸಾಹೇಬರ ದನಿಯಲ್ಲಿ ನಿಜವಾದ ನೋವಿತ್ತು. “ನೀನ ಕೇಳಿ ತಗೊಂಡ ದಿನಪಾ ಇದು.”

ಮರುದಿನ ಮುಂಜಾನೆ ಚಿಕ್ಕೋಡಿಯಲ್ಲಿ ಮೆರವಣಿಗೆ ಹೊರಟಿತು. ಜನ್ನತಬಿ ಕಟ್ಟೆಯ ಮೇಲೆ ಕುಳಿತು ಕಿವಿಗೊಟ್ಟಳು. ಹಾಡುತ್ತಿದ್ದ ದನಿ ಬೇರೆ ಯಾರದೋ ಆಗಿತ್ತು. ಅವಳ ಮಗ ಹೊಸ ಅಂಗಿ ತೊಟ್ಟು, ಅಪ್ಪ ಹಾಡುತ್ತಿದ್ದ ಸ್ತುತಿಯನ್ನು ರಸ್ತೆಯ ಎರಡೂ ಬದಿಯ ಕಬ್ಬಿಗೆ ಕೇಳಿಸುತ್ತ ಕರೋಶಿ ಹಳ್ಳಿಯ ದಾರಿಯಲ್ಲಿ ಸೈಕಲ್ ತುಳಿಯುತ್ತಿದ್ದ.

ಶಾಲೆಯ ಬಾಗಿಲಲ್ಲಿ ಭೀಮಸಿ ಮಾಸ್ತರರು ಸುದ್ದಿ ಕೇಳಿ ಹಿಗ್ಗಿದರು. ಆಮೇಲೆ ಅವನ ಅಂಗಿ ನೋಡಿ, “ಇಂದು ನಿಮ್ಮ ಹಬ್ಬಲ್ಲೇನೋ? ನೀ ಯಾಕ ಬಂದಿ?” ಎಂದರು.

ಅಕ್ಬರಸಾಬ ಹಣೆಯ ಬೆವರು ಒರೆಸಿಕೊಂಡ.

“ಈ ವರ್ಷ ಹೊಟ್ಟಿ ನೋಯಲಿಲ್ರಿ, ಗುರುಗಳ.”