ಹೆರುವವಳನ್ನು ಬಿಟ್ಟು ಎಲ್ಲರಿಗೂ ಹೇಳಿದರು

ಬಸುರಿ ಬಾಯಿಬಿಟ್ಟು ಏನು ಕೇಳಿದರೂ ತಂದುಕೊಡುವ ಜನ ನಮ್ಮವರು. ಹುಣಸೆಕಾಯಿ ಅಂದರೆ ಒಬ್ಬರು ಮರ ಹತ್ತುತ್ತಾರೆ, ಮಾವಿನಕಾಯಿ ಅಂದರೆ ಇನ್ನೊಬ್ಬರು ಚಿಂತಾಮಣಿ ಬಸ್ಸು ಹತ್ತುತ್ತಾರೆ. ಅದೇ ಅವಳು ಒಂದು ಪ್ರಶ್ನೆ ಕೇಳಲಿ, ಇದ್ದವರಿಗೆಲ್ಲ ಕಿವಿ ಮುಚ್ಚಿಹೋಗುತ್ತದೆ. ಇದು ಈಗಲೂ ನಡೆಯುತ್ತಲೇ ಇದೆ. ಮೊನ್ನೆ ನಮ್ಮ ಸ್ಕೂಲಿನ ಬಸುರಿ ಟೀಚರ್ ಒಬ್ಬಳು ಇದನ್ನೇ ಗೊಣಗುತ್ತಿದ್ದಾಗ ನನ್ನ ಸರದಿ ನೆನಪಾಯಿತು.

ಎರಡು ಸಾವಿರದ ಇಸವಿ ಕಳೆದ ಹೊಸತು. ಗೌರಿಬಿದನೂರಿನಲ್ಲಿ ಡಿಗ್ರಿ ಮುಗಿಸಿ, ದಿಬ್ಬೂರಹಳ್ಳಿ ಹತ್ತಿರದ ರೇಷ್ಮೆ ಬೆಳೆಯುವ ಮನೆಗೆ ಸೊಸೆಯಾಗಿ ಬಂದಿದ್ದೆ. ಅಮ್ಮ ನನ್ನ ಮದುವೆಗೆ ಮುಂಚೆಯೇ ಹೋಗಿಬಿಟ್ಟಿದ್ದಳು. ಹಾಗಾಗಿ ಚೊಚ್ಚಲ ಹೆರಿಗೆಗೆ ತವರಿಲ್ಲ, ಪಕ್ಕದಲ್ಲಿ ಕೂತು ಹೇಳಿಕೊಡುವವರೂ ಇಲ್ಲ. ನನಗೆ ಬೇಕಿದ್ದದ್ದು ಇಷ್ಟೇ: ನನ್ನ ಮೈಗೆ ಏನೇನು ಆಗುತ್ತದೆ ಅಂತ ಮುಂಚೆಯೇ ಗೊತ್ತಿರಬೇಕು, ಆ ಹೊತ್ತಿನಲ್ಲಿ ನಮ್ಮವರು ಒಬ್ಬರು ಪಕ್ಕದಲ್ಲಿರಬೇಕು. ಅದು ಸಿಗುವವರೆಗೂ ಕೇಳುವುದನ್ನು ನಿಲ್ಲಿಸಲ್ಲ ಅಂತ ಹಟ ಹಿಡಿದೆ.

ಮಂಚ ಯಾರಿಗೆ?

ಪೇಟೆಯ ಡಾಕ್ಟರಮ್ಮ ಒಳ್ಳೆಯವರೇ. ಆದರೆ ಪ್ರಶ್ನೆ ನನ್ನದಾದರೆ ಉತ್ತರ ನಮ್ಮ ಯಜಮಾನರಿಗೆ.

"ನೋವು ಶುರುವಾದ ಮೇಲೆ ಓಡಾಡಬಹುದಾ ಡಾಕ್ಟ್ರೇ?" ಅಂದೆ.

"ನೋಡ್ರೀ, ಇವರು ಜಾಸ್ತಿ ಯೋಚನೆ ಮಾಡದ ಹಾಗೆ ನೋಡ್ಕೊಳ್ಳಿ," ಅಂದರು ಯಜಮಾನರ ಕಡೆ ತಿರುಗಿ.

"ಹೆರಿಗೆ ರೂಮಿಗೆ ಜೊತೇಲಿ ಒಬ್ಬರನ್ನ ಬಿಡ್ತೀರಾ?"

"ಟಾನಿಕ್ ಬರೆದಿದ್ದೀನಿ. ಊಟ ಆದ್ಮೇಲೆ ಕೊಡಿ." ಅದೂ ಅವರಿಗೇ. ಯಜಮಾನರು ಹೆಡ್ ಮೇಷ್ಟರ ಮುಂದೆ ಕೂತವರ ಹಾಗೆ ತಲೆ ಆಡಿಸುತ್ತಿದ್ದರು.

ಕೊನೆಗೆ ಡಾಕ್ಟರಮ್ಮ, "ಹೋಗಿ, ಮಂಚದ ಮೇಲೆ ಮಲಗಿ. ಮಗು ಹೇಗಿದೆ ನೋಡೋಣ," ಅಂದರು. ನಾನು ಕುರ್ಚಿ ಬಿಟ್ಟು ಏಳಲಿಲ್ಲ.

"ರೀ, ಹೋಗಿ ಮಲಕ್ಕೊಳ್ಳಿ," ಅಂದೆ. "ಡಾಕ್ಟ್ರು ಆಗಿನಿಂದ ನಿಮ್ಮ ಹತ್ರಾನೇ ಮಾತಾಡ್ತಾ ಇದ್ದಾರೆ."

ಪಾಪ, ಅವರು ಅರ್ಧ ಎದ್ದೇಬಿಟ್ಟಿದ್ದರು.

ಹುಳಕ್ಕೆ ಥರ್ಮಾಮೀಟರು

ನಮ್ಮ ಅತ್ತೆಯ ಹುಳದ ಮನೆ ನೋಡಬೇಕು ನೀವು. ರೇಷ್ಮೆ ಹುಳ ಬರುವುದಕ್ಕೆ ವಾರಗಟ್ಟಲೆ ಮುಂಚೆಯೇ ತೊಳೆದು, ಸುಣ್ಣ ಬಳಿದು, ಬ್ಲೀಚಿಂಗ್ ಪೌಡರ್ ಹಾಕಿ, ಗೋಡೆಗೆ ಥರ್ಮಾಮೀಟರ್ ನೇತುಹಾಕುತ್ತಿದ್ದರು. ಹುಳ ಪೊರೆ ಬಿಡುವ ಹೊತ್ತಿಗೆ, ಅದಕ್ಕೆ ನಮ್ಮ ಕಡೆ ಜ್ವರಕ್ಕೆ ಕೂರುವುದು ಅನ್ನುತ್ತಾರೆ, ಮನೆಯಲ್ಲಿ ಒಗ್ಗರಣೆ ಹಾಕುವ ಹಾಗಿಲ್ಲ, ಜೋರಾಗಿ ಕೆಮ್ಮುವ ಹಾಗಿಲ್ಲ. ಮೊಣಕೈವರೆಗೆ ಕೈ ತೊಳೆಯದೆ ಬಾಗಿಲು ದಾಟಿದರೆ ಮಗನಾದರೂ ಬೈಗುಳ ತಪ್ಪಿದ್ದಲ್ಲ.

ಅಂಥ ಅತ್ತೆಗೆ ಒಂದು ದಿನ, "ಅತ್ತಮ್ಮಾ, ಹೆರಿಗೆ ಹೊತ್ತಲ್ಲಿ ಏನೇನಾಗುತ್ತೆ?" ಅಂದೆ.

"ಬಿಡ್ತು ಅನ್ನು! ಅದನ್ನೆಲ್ಲ ಮುಂಚೆನೇ ಆಡಬಾರದು. ಬಂದಾಗ ನೋಡ್ಕೊಂಡ್ರಾಯ್ತು."

"ಹುಳಕ್ಕಾದ್ರೆ ಮುಂಚೆನೇ ಎಲ್ಲ ಮಾಡ್ತೀರಲ್ಲ? ನಾನೂ ಒಂದು ಹುಳ ಅಂದ್ಕೊಂಡು ಹೇಳಿ."

ಅತ್ತೆ ಹುಳಕ್ಕೆ ಹಿಪ್ಪುನೇರಳೆ ಸೊಪ್ಪು ಹಾಕುವುದನ್ನು ನಿಲ್ಲಿಸಿ ನನ್ನನ್ನು ಮೇಲಿಂದ ಕೆಳಗೆ ನೋಡಿದರು. "ಹುಳ ಆಗಿದ್ರೆ ತಿಂದು ಸುಮ್ನಿರ್ತಿದ್ದೆ," ಅಂದರು.

ಒಂದಕ್ಕೆ ಒಂದು

ರೇಷ್ಮೆಗೂಡು ಬಿಡಿಸುವ ದಿನ ಊರಿನ ಹೆಂಗಸರೆಲ್ಲ ನಮ್ಮ ಜಗಲಿಯಲ್ಲಿ ಸೇರುತ್ತಿದ್ದರು. ಕೈ ಗೂಡು ಕೀಳುತ್ತಿದ್ದರೆ ಬಾಯಿ ನನ್ನ ಹೊಟ್ಟೆ ನೋಡಿಕೊಂಡು ಹೆರಿಗೆ ಕಥೆ ಹೇಳುತ್ತಿತ್ತು. ಮುಂಚೆ ಆಡಬಾರದು ಅನ್ನುವ ನಿಯಮ ಒಳ್ಳೆಯ ಸುದ್ದಿಗೆ ಮಾತ್ರ. ಹೆದರಿಸುವುದಕ್ಕೆ ಅಡ್ಡಿಯಿಲ್ಲ.

"ನಂದಂತೂ ಸತ್ತು ಹುಟ್ಟಿದಂಗಾಯ್ತು ಕಣಮ್ಮ," ಅಂದರು ಒಬ್ಬರು. "ನೀನೇ ವಾಸಿ. ನನ್ನ ಕೂಗು ಪಕ್ಕದೂರಿಗೆ ಕೇಳ್ತು," ಅಂದರು ಇನ್ನೊಬ್ಬರು. ಎದುರು ಮನೆಯಾಕೆ ಬಾಯಿ ತೆರೆದಾಗ ನಾನು ಕೈ ಅಡ್ಡ ಹಿಡಿದೆ.

"ಇನ್ಮೇಲೆ ಒಂದು ಕಾನೂನು. ಒಂದು ಹೆದರಿಸೋ ಮಾತಿಗೆ ಒಂದು ಒಳ್ಳೆ ಮಾತು ಸೇರಿಸಬೇಕು. ಇಲ್ದಿದ್ರೆ ಇವತ್ತು ಎಲೆ ಅಡಿಕೆ ಇಲ್ಲ."

ಎದುರು ಮನೆಯಾಕೆ ಗೂಡು ಕೈಯಲ್ಲಿ ಹಿಡಿದು ತುಂಬಾ ಹೊತ್ತು ಯೋಚಿಸಿದರು. ನಾಲ್ಕು ಹೆತ್ತವರು.

"ಆಮೇಲೆ ಬಿಸಿ ಕಾಫಿ ಕೊಟ್ರು," ಅಂದರು.

ಊದುವ ಪಾಠ

ಗೆಳತಿಯೊಬ್ಬಳು ಬೆಂಗಳೂರಿನಿಂದ ಬಸುರಿಯರ ಪುಸ್ತಕವೊಂದನ್ನು ತಂದುಕೊಟ್ಟಳು. ನೋವು ಬಂದಾಗ ನಿಧಾನವಾಗಿ ಉಸಿರು ಎಳೆದು ಬಾಯಲ್ಲಿ ಊದಬೇಕು ಅಂತ ಅದರಲ್ಲಿತ್ತು. ದಿನಾ ಸಂಜೆ ಹುಳದ ಮನೆ ಮುಂದಿನ ಅಂಗಳದಲ್ಲಿ ನಿಂತು ಅಭ್ಯಾಸ ಮಾಡುತ್ತಿದ್ದೆ. ಒಂದು ಸಂಜೆ ಅತ್ತೆ ಸೊಪ್ಪಿನ ಹೊರೆ ಇಳಿಸಿ ಸೊಂಟದ ಮೇಲೆ ಕೈಯಿಟ್ಟು ನಿಂತರು. ಬೈಯುತ್ತಾರೆ ಅಂತ ನಾನೂ ಸಜ್ಜಾದೆ.

"ಊದು, ಬೇಡ ಅನ್ನಲ್ಲ," ಅಂದರು. "ಆ ಕಡೆ ತಿರುಗಿ ಊದು. ಹುಳಕ್ಕೆ ಗಾಳಿ ತಗಲುತ್ತೆ."

ಹಣ್ಣಾದ ದಿನ

ಹುಳ ಹಣ್ಣಾಗುವುದು ಅಂದರೆ ಸೊಪ್ಪು ಬಿಟ್ಟು ಮೈ ತಿಳಿಯಾಗಿ ಗೂಡು ಕಟ್ಟಲು ನಿಲ್ಲುವುದು. ತಕ್ಷಣ ಆಯ್ದು ಚಂದ್ರಿಕೆಗೆ, ಅಂದರೆ ಗೂಡು ಕಟ್ಟುವ ಬಿದಿರಿನ ತಟ್ಟಿಗೆ, ಬಿಡಬೇಕು, ತಡವಾದರೆ ಬೆಳೆ ಹಾಳು. ಆ ಬೆಳೆಯ ಹುಳ ಹಣ್ಣಾದ ಬೆಳಿಗ್ಗೆಯೇ ನನಗೂ ನೋವು ಶುರುವಾಯಿತು.

ಯಜಮಾನರು ಟೆಂಪೋ ತಂದು ತಾವೂ ಹತ್ತಲು ಹೊರಟರು. ಅತ್ತೆ ತಡೆದರು. "ನೀನು ಹುಳ ಬಿಡು. ಇವಳ ಜೊತೆ ನಾನು ಹೋಗ್ತೀನಿ."

"ನೀನಿಲ್ದೆ ಹುಳ ಹೆಂಗಮ್ಮ?"

"ಹುಳಕ್ಕೆ ಊರೇ ಐತೆ. ಅವಳಿಗೆ ಯಾರವ್ರೆ?"

ನಾನು ಆ ಮಾತಿಗೆ ಅಳಬೇಕಿತ್ತು, ಊದುತ್ತಿದ್ದೆ.

ನರ್ಸಿಂಗ್ ಹೋಮಿನ ಹೆರಿಗೆ ರೂಮಿನ ಬಾಗಿಲಲ್ಲಿ ಸಿಸ್ಟರ್ ಕೈ ಅಡ್ಡ ಇಟ್ಟರು. "ಅಜ್ಜಿ, ಹೊರಗಿರಿ. ಯಾರನ್ನೂ ಒಳಗೆ ಬಿಡಲ್ಲ."

"ಹಣ್ಣಾದ ಹುಳನೇ ಒಂಟಿ ಬಿಟ್ಟೋಳಲ್ಲ ನಾನು. ಸೊಸೆನ ಬಿಡ್ತೀನಾ?" ಅತ್ತೆ ಚಪ್ಪಲಿ ಕಳಚಿ, ನಲ್ಲಿಯಲ್ಲಿ ಮೊಣಕೈವರೆಗೆ ತಿಕ್ಕಿ ತಿಕ್ಕಿ ಕೈ ತೊಳೆದು, ಸಿಸ್ಟರ್ ಕೈ ಕೆಳಗೆ ಬಗ್ಗಿ ಒಳಗೆ ಬಂದೇಬಿಟ್ಟರು. ಹಿಂದೆಯೇ ಕೂಗಿಕೊಂಡು ಬಂದ ಸಿಸ್ಟರಿಗೆ ಬಾಯಿ ಮೇಲೆ ಬೆರಳಿಟ್ಟು, "ಮೆಲ್ಲಗೆ ತಾಯಿ. ಈ ಹೊತ್ತಲ್ಲಿ ಸದ್ದು ಮಾಡಬಾರದು," ಅಂದರು. ಆಮೇಲೆ ನನಗೆ: "ಊದು ಮಗಾ, ಊದು. ಇಲ್ಲಿ ಹುಳ ಇಲ್ಲ. ಯಾವ ಕಡೆ ಬೇಕಾದ್ರೂ ಊದು."

ಡಾಕ್ಟರಮ್ಮ ಬಂದು ಸೂಜಿ ಎತ್ತಿದರು. ಅತ್ತೆ ಶುರುಮಾಡಿದರು. "ಅದು ಯಾತಕ್ಕೆ? ಇವಳು ಓಡಾಡಬಹುದಾ? ಇನ್ನು ಏನೇನಾಗುತ್ತೆ?" ಎಲ್ಲ ನಾನು ಮನೆಯಲ್ಲೂ ಕೇಳುತ್ತಿದ್ದ ಪ್ರಶ್ನೆಗಳೇ. ಇಷ್ಟು ತಿಂಗಳು ಕಿವಿ ಕೇಳದವರ ಹಾಗೆ ಸೊಪ್ಪು ಹಾಕುತ್ತಿದ್ದವರು ಒಂದನ್ನೂ ಬಿಡದೆ ಕೇಳಿಸಿಕೊಂಡಿದ್ದರು.

ಡಾಕ್ಟರಮ್ಮ ಅಭ್ಯಾಸಬಲದಿಂದ ಸುತ್ತ ನೋಡಿದರು. "ಇವರ ಯಜಮಾನರೆಲ್ಲಿ?"

"ಅವನು ಹುಳ ಬಿಡ್ತಾವ್ನೆ. ಹೆರೋಳು ಇಲ್ಲೇ ಅವ್ಳೆ. ಅವಳ ಮುಖ ನೋಡಿ ಹೇಳಮ್ಮ."

ಡಾಕ್ಟರಮ್ಮ ಸೂಜಿ ಕೆಳಗಿಟ್ಟು, ಮೊಟ್ಟಮೊದಲ ಸಲ ನನ್ನ ಮುಖ ನೋಡಿ, ಎಲ್ಲವನ್ನೂ ಬಿಡಿಸಿ ಹೇಳಿದರು. ಓಡಾಡಬಹುದಂತೆ. ಅತ್ತೆಯ ಹೆಗಲು ಹಿಡಿದು ಆ ರೂಮಿನಲ್ಲೇ ಮಧ್ಯಾಹ್ನದವರೆಗೂ ಓಡಾಡಿದೆ. ನೋವೇನೂ ಕಮ್ಮಿ ಇರಲಿಲ್ಲ. ಏನಾಗುತ್ತಿದೆ ಅಂತ ಗೊತ್ತಿತ್ತು, ಹೆದರಿಕೆ ಇರಲಿಲ್ಲ.

ಮಗು ಹುಟ್ಟಿದ ಮೇಲೆ ಅತ್ತೆ ಮಗನಿಗೆ ಸುದ್ದಿ ಹೇಳಲು ಕೌಂಟರಿನ ಫೋನು ಹಿಡಿದರು. ಅವರ ದನಿ ನಾನು ಮಲಗಿದ್ದಲ್ಲಿಗೇ ಕೇಳುತ್ತಿತ್ತು.

"ಹುಳ ಎಲ್ಲ ಬಿಟ್ರಾ? ಒಳ್ಳೇದಾಯ್ತು. ಹ್ಞೂ, ಇಲ್ಲೂ ಆಯ್ತು. ಹೆಣ್ಣು. ಇಬ್ಬರೂ ಚೆನ್ನಾಗವ್ರೆ... ಯಾವುದು? ಆ ಸದ್ದಾ? ಅಳು ಅಲ್ಲ ಕಣಪ್ಪ, ಅವರಮ್ಮನಂಗೇ ಏನೋ ಕೇಳ್ತಾ ಐತೆ. ಬೇಗ ಬಾ, ಇಬ್ಬರಿಗೂ ಉತ್ತರ ಹೇಳೋಕೆ ನನ್ನೊಬ್ಬಳ ಕೈಲಾಗಲ್ಲ."