ಬೆಳ್ಳುಳ್ಳಿ ಸೇರು

ಹಿತ್ತಾಳೆಯ ಆ ಹಳೆಯ ಸೇರು ಬೀಫಾತಿಮ್ಮನ ಅಡುಗೆಮನೆಯಲ್ಲಿ ಬೆಳ್ಳುಳ್ಳಿ ತುಂಬಿಕೊಂಡು ತನ್ನ ಪಾಡಿಗೆ ಇದ್ದಿದ್ದರೆ ಆ ದಿನ ಏನೂ ಆಗುತ್ತಿರಲಿಲ್ಲ.

ಸೇರು ಬಿಟ್ಟು ಕಿಲೋದಲ್ಲೇ ಮಾರಬೇಕೆಂಬ ಕಾನೂನು ಬಂದು ಎರಡು ವರ್ಷವಾಗಿತ್ತು. ಅವಳ ಗಂಡ, ಜೆಪ್ಪುವಿನ ಅಕ್ಕಿ ವ್ಯಾಪಾರಿ ಅಹ್ಮದ್ ಬಾವ, ಕಾನೂನು ಬಂದ ದಿನವೇ ಸೇರನ್ನು ಅಡುಗೆಮನೆಗೆ ಕೊಟ್ಟು ಕಿಲೋ ಕಲ್ಲು ತಂದಿದ್ದರು. ಅಂಥ ಮನುಷ್ಯ. ನೀತಿಯಿಂದ ವ್ಯಾಪಾರ ಮಾಡಿ ಏಳಿಗೆಯಾದವರ ಬಗ್ಗೆ ಸರಕಾರ ತೆಗೆಯುತ್ತಿದ್ದ ಸಾಕ್ಷ್ಯಚಿತ್ರಕ್ಕೆ ಊರೆಲ್ಲ ಹುಡುಕಿ ಅವರನ್ನು ಆರಿಸಿದ್ದೂ ಅದಕ್ಕೇ.

ಬೆಳಿಗ್ಗೆ ಕ್ಯಾಮರಾ ಬರುವ ಮೊದಲೇ ನೆರೆಕರೆಯವರು ಮನೆಮುಂದಿನ ಅಂಗಡಿಗೆ ಬಂದರು. ದರ್ಜಿ ನೋಣಯ್ಯ ಯಾರದೋ ಮದುವೆಗೆ ಹೊಲಿಯುತ್ತಿದ್ದ ಕೋಟನ್ನು ಬಾವರಿಗೆ ತೊಡಿಸಿದ. ಸಣ್ಣ ದಿಂಬಿಗೆ ದೊಡ್ಡ ಗವುಸು ಹಾಕಿದ ಹಾಗೆ ಕಂಡಿತು.

"ಕೈ ಎತ್ತಬೇಡಿ ಬಾವ. ಕಚ್ಚಾ ಹೊಲಿಗೆ ಮಾತ್ರ ಆದದ್ದು," ಎಂದ.

ಎದುರುಮನೆಯ ಡುಲ್ಸಿನ್ ಬಾಯಿ ತಕ್ಕಡಿ ನೋಡಿ ಮೂಗು ಮುರಿದಳು. "ಈ ಕಪ್ಪು ಕಲ್ಲಿನಲ್ಲಿ ಎಂತ ನೀತಿ ಕಾಣ್ತದೆ? ನಿಮ್ಮ ಅಪ್ಪನ ಸೇರು ಉಂಟಲ್ಲ, ಹುಣಸೆಹುಳಿ ಹಾಕಿ ತಿಕ್ಕಿದ್ರೆ ಇಗರ್ಜಿಯ ಶಿಲುಬೆ ಮುಂದಿನ ದೀಪಕಂಬದ ಹಾಗೆ ಹೊಳೀತದೆ."

"ಬೇಡ," ಎಂದಳು ಪರದೆಯ ಹಿಂದಿನಿಂದ ಬೀಫಾತಿಮ್ಮ. "ಅದರಲ್ಲಿ ಬೆಳ್ಳುಳ್ಳಿ ಉಂಟು."

ಬೆಳ್ಳುಳ್ಳಿ ಮೊರಕ್ಕೆ ಬಿತ್ತು. ಸೇರು ಹೊರಗೆ ಬಂತು. ತಕ್ಕಡಿಯನ್ನೂ ಕಲ್ಲುಗಳನ್ನೂ ನೋಣಯ್ಯ ಗೋಣಿಯ ಅಡಿಗೆ ತಳ್ಳಿದ.

ಕ್ಯಾಮರಾ ತಿರುಗತೊಡಗಿತು. ಏಳಿಗೆಯ ಗುಟ್ಟೇನು ಎಂದು ಚಿತ್ರದವರು ಕೇಳಿದರು.

"ಈ ಬಾಯಲ್ಲಿ ಇವತ್ತಿನವರೆಗೆ ಒಂದು ಸುಳ್ಳು ಬಂದದ್ದಿಲ್ಲ," ಎಂದರು ಬಾವ. ಅದು ನಿಜವೇ ಆಗಿತ್ತು. ಗಿರಾಕಿ ಹೇಮಾಕ್ಷಿಯ ಚೀಲಕ್ಕೆ ಒಂದು ಸೇರು ಅಕ್ಕಿ ಅಳೆದು, ಮೇಲೆ ಎರಡು ಮುಷ್ಟಿ ಕೊಸರೂ ಹಾಕಿದರು. ಕಂಕುಳಲ್ಲಿ ಕೋಟು ಪರ್ರೆಂದಿತು. ಜನ ಚಪ್ಪಾಳೆ ತಟ್ಟಿದರು.

ಚಿತ್ರದವರ ಜೊತೆ ಬಂದು ಕೊಡೆ ಹಿಡಿದು ನಿಂತಿದ್ದ ಒಬ್ಬರು ಮೆಲ್ಲನೆ ಕೇಳಿದರು: "ದಿನಾ ಇದರಲ್ಲೇ ಅಳೆಯುವುದಾ?"

ಚಪ್ಪಾಳೆ ಇನ್ನೂ ನಿಂತಿರಲಿಲ್ಲ. "ದಿನಾ. ಅಪ್ಪನ ಕಾಲದಿಂದ," ಎಂದುಬಿಟ್ಟರು ಬಾವ.

ಪರದೆಯ ಹಿಂದೆ ಬಳೆ ಸದ್ದಾಯಿತು. "ಒಂದು," ಎಂದಳು ಬೀಫಾತಿಮ್ಮ.

ಕೊಡೆಯವರು ಕಿಸೆಯಿಂದ ಪುಸ್ತಕ ತೆಗೆದರು. "ನಾನು ತೂಕ-ಅಳತೆಯ ಇನ್ಸ್‌ಪೆಕ್ಟರ್. ಸೇರಿನಲ್ಲಿ ಮಾರುವುದು ಅಪರಾಧ. ಕೇಸು ಬರೀತೇನೆ."

"ಅದು ಬೆಳ್ಳುಳ್ಳಿ ಸೇರು ಮಾರಾಯ್ರೆ. ಬೇಕಾದ್ರೆ ಮೂಸಿ ನೋಡಿ," ಎಂದಳು ಡುಲ್ಸಿನ್ ಬಾಯಿ.

ಇನ್ಸ್‌ಪೆಕ್ಟರ್ ಮೂಸಿದರು. ಹುಣಸೆಹುಳಿ ಬಿಟ್ಟರೆ ಬೇರೆ ವಾಸನೆ ಇರಲಿಲ್ಲ.

"ಕಿಲೋ ಕಲ್ಲು ಉಂಟು ಸಾರ್, ಗೋಣಿ ಅಡಿಯಲ್ಲಿ," ಎಂದ ನೋಣಯ್ಯ.

"ಸೇರು ಮೇಲೆ, ಕಿಲೋ ಅಡಿಯಲ್ಲಿ. ಗೊತ್ತಾಯ್ತು." ಇನ್ಸ್‌ಪೆಕ್ಟರ್ ಪೆನ್ನಿನ ಮುಚ್ಚಳ ತೆಗೆದು ಬಾವರತ್ತ ತಿರುಗಿದರು. "ಅಲ್ಲ, ಈಗ ಹೇಳಿದ್ದು ಸುಳ್ಳಾದ್ರೆ ಸುಳ್ಳೆಂದು ಹೇಳಿ, ನಾನು ಹೋಗ್ತೇನೆ. ಆ ಕ್ಯಾಮರಾ ನೋಡಿ ಹೇಳಿ."

ಬಾವ ಕ್ಯಾಮರಾ ನೋಡಿದರು. ನೋಣಯ್ಯನನ್ನು, ಡುಲ್ಸಿನ್ ಬಾಯಿಯನ್ನು, ಚೀಲ ತಬ್ಬಿ ನಿಂತ ಹೇಮಾಕ್ಷಿಯನ್ನು ನೋಡಿದರು. ಸತ್ಯವಂತ ಬಾವ ಎಂಬ ಒಂದು ಹೆಸರು ಬಿಟ್ಟರೆ ಆ ಅಂಗಡಿಗೆ ಬೋರ್ಡು ಕೂಡ ಇರಲಿಲ್ಲ.

ಅವರು ಹರಿದ ಕೋಟನ್ನು ಎಳೆದು ಸರಿಮಾಡಿಕೊಂಡರು.

"ನಾನು ಸುಳ್ಳು ಹೇಳುವವನಲ್ಲ. ಕೇಸು ಬರೆಯಿರಿ."

"ಎರಡು," ಎಂದಳು ಬೀಫಾತಿಮ್ಮ, ಮೊರದಿಂದ ಉರುಳಿದ ಬೆಳ್ಳುಳ್ಳಿಯನ್ನು ಹೆಕ್ಕುತ್ತ.