ಸುಬೇದಾರ್ರ ಕಾರ್ಡು, ನನ್ನ ಬೆನ್ನು

ನಾನು ಮೊದಲ ಸಲ ಊರು ಬಿಟ್ಟದ್ದು ಒಂದು ಸೋಮವಾರ, ಏಳನೇ ಕ್ಲಾಸಿನ ಲೆಕ್ಕದ ಪೀರಿಯಡ್ಡಿನಲ್ಲಿ. "ಸಾ, ನೀರು ಕುಡಿದು ಬತ್ತೀನಿ" ಅಂದೆ. ಮೇಷ್ಟ್ರು ಬೋರ್ಡಿನ ಕಡೆಯಿಂದ ತಿರುಗದೆ "ಬೇಗ ಬಾ" ಅಂದರು. ಆ ನೀರನ್ನು ನಾನು ಕುಡಿದದ್ದು ಅರಸೀಕೆರೆ ಸ್ಟೇಷನ್ನಿನ ನಲ್ಲಿಯಲ್ಲಿ. ನಾಲ್ಕು ವರ್ಷ ಬಿಟ್ಟು ಮನೆಗೆ ಬಂದಾಗ ಅವ್ವ ಒಲೆ ಮುಂದಿನಿಂದ ಏಳದೆ, "ನೀರು ಕುಡ್ದಾಯ್ತಾ?" ಅಂತಷ್ಟೇ ಕೇಳಿದಳು.

ಆಮೇಲೂ ಕಾಲು ನಿಲ್ಲಲಿಲ್ಲ. ಲಾರಿ ಕ್ಲೀನರ್ ಆದೆ, ಟಿ. ನರಸೀಪುರದ ಅಕ್ಕಿ ಮಿಲ್ಲಿನಲ್ಲಿ ಮೂಟೆ ಹೊತ್ತೆ, ಹೋಟೆಲಿನಲ್ಲಿ ದೋಸೆ ಹುಯ್ದೆ. ಯಾಕೆ ಹಿಂಗೆ ಓಡ್ತೀಯಾ ಅಂತ ಕೇಳಿದವರಿಗೆಲ್ಲ ಒಂದೊಂದು ಕಾರಣ ಹೇಳಿದ್ದೀನಿ. ನಿಜವಾದದ್ದನ್ನು ಮಾತ್ರ ಯಾರಿಗೂ ಹೇಳಿರಲಿಲ್ಲ. ಒಂದು ಕಡೆ ಕೂರದವನ ಮುಂದೆ ಇಂಥ ಪ್ರಸಂಗಗಳು ತಾವಾಗೇ ಬಂದು ಕೂರುತ್ತವೆ. ಕೆಳಗಿನವು ನಂಜನಗೂಡಿನಲ್ಲಿ ಆಟೋ ಓಡಿಸಿಕೊಂಡಿದ್ದ ಎರಡು ವರ್ಷದಲ್ಲಿ ಸಿಕ್ಕಿದವು. ಕಾರ್ಗಿಲ್ ಯುದ್ಧ ಮುಗಿದು ಐದಾರು ವರ್ಷ ಆಗಿತ್ತು.

ಕೊನೇ ಸೀಟು

ನಂಜನಗೂಡು ಬಸ್‌ಸ್ಟ್ಯಾಂಡಿನಲ್ಲಿ ಒಬ್ಬರು ನಿಂತಿದ್ದರು. ದೇವನೂರಿನವರು, ಮಿಲಿಟರಿಯಿಂದ ನಿವೃತ್ತರಾಗಿ ಬಂದ ಸುಬೇದಾರ್ರು. ಅವರ ಊರಿನ ಬಸ್ಸು ಬಂತು. ಕಿಟಕಿಯಲ್ಲಿ ಇಣುಕಿ ನೋಡಿದರು, ಹಿಂದೆ ಸರಿದರು. ಇನ್ನೊಂದು ಬಂತು. ಇಣುಕಿದರು, ಸರಿದರು. ಮೂರನೆಯದೂ ಹೋಯಿತು.

"ಸಾ, ಯಾವ ಬಸ್ಸಿಗೆ ಕಾಯ್ತಿದ್ದೀರಾ?"

"ಬಸ್ಸಿಗಲ್ಲ ಕಣಯ್ಯ, ಸೀಟಿಗೆ. ಕೊನೇ ಸೀಟೇ ಬೇಕು. ಬೆನ್ನ ಹಿಂದೆ ಜನ ಇದ್ರೆ ನಂಗಾಗಲ್ಲ."

"ನಮ್ಮ ಆಟೋದಲ್ಲಿ ಇರೋದೇ ಕೊನೇ ಸೀಟು ಸಾ. ಅದರ ಹಿಂದೆ ರೆಕ್ಸಿನ್ನು, ಅದರಾಚೆ ದೇವರು."

ಅವರು ಆಟೋದ ಸುತ್ತ ಒಂದು ಸುತ್ತು ಬಂದರು. ಸೀಟು ಎತ್ತಿಸಿದರು. ಹಿಂದಿನಿಂದ ನನ್ನ ಜಾಕು, ತೂತುಬಿದ್ದ ಟ್ಯೂಬು, ಎರಡು ದಿನದಿಂದ ನಾನು ಹುಡುಕುತ್ತಿದ್ದ ಊಟದ ಡಬ್ಬಿ ಎಲ್ಲ ಹೊರಗೆ ಬಂದವು. ಡಬ್ಬಿ ಮುಚ್ಚಳ ತೆಗೆದು ಮೂಸಿ, ದೂರ ಇಟ್ಟು, "ಕ್ಲಿಯರ್" ಅಂದು ಹತ್ತಿದರು.

ಅವತ್ತಿನಿಂದ ಅವರು ನನ್ನ ಕಾಯಂ ಗಿರಾಕಿ. ಹತ್ತುವ ಮುಂಚೆ ಪ್ರತಿ ಸಲವೂ ತಪಾಸಣೆ. ಎರಡು ವರ್ಷದಲ್ಲಿ ನನ್ನ ಒಂದು ಸ್ಪ್ಯಾನರೂ ಕಳೆಯಲಿಲ್ಲ.

ಹಲ್ಲು

ಅವರಿಗೆ ಮೈಯಲ್ಲಿ ಎಲ್ಲೂ ಗಾಯ ಇರಲಿಲ್ಲ. ನಿದ್ದೆ ಮಾತ್ರ ಯುದ್ಧದ ಗುಡ್ಡದ ಮೇಲೆಯೇ ಉಳಿದುಬಿಟ್ಟಿತ್ತು. ಕುಕ್ಕರು ಕೂಗಿದರೆ ಮಂಚದ ಕೆಳಗೆ ಹೋಗುತ್ತಿದ್ದರು. ಅವರ ಹೆಂಡತಿ, ನಾನು ಅಕ್ಕಯ್ಯ ಅಂತ ಕರೆಯುತ್ತಿದ್ದೆ, ಕುಕ್ಕರಿಗೆ ರಾಗಿ ಹಿಟ್ಟು ತುಂಬಿ ಅಟ್ಟದ ಮೇಲಿಟ್ಟು ಪಾತ್ರೆಯಲ್ಲೇ ಬೇಳೆ ಬೇಯಿಸುತ್ತಿದ್ದರು.

ಆಗ ತಾನೆ ಮಾಜಿ ಸೈನಿಕರಿಗೆ ಆರೋಗ್ಯದ ಕಾರ್ಡು ಬಂದಿತ್ತು. ಕಾರ್ಡು ತೋರಿಸಿದರೆ ಚಿಕಿತ್ಸೆಯ ಖರ್ಚು ಯೋಜನೆಯದ್ದು. ಅಕ್ಕಯ್ಯನೇ ಗಂಡನನ್ನು ಹೊರಡಿಸಿದರು, ದಾರಿ ತೋರಿಸಲು ನನ್ನನ್ನೂ ಜೊತೆ ಕಳಿಸಿದರು. ಮೈಸೂರಿನ ಕ್ಲಿನಿಕ್ಕಿನಲ್ಲಿ ಕ್ಲರ್ಕು ಫಾರಂ ಬಿಚ್ಚಿದ.

"ಎಲ್ಲಿ ತೊಂದ್ರೆ?"

"ನಿದ್ದೆ" ಅಂದರು ಸುಬೇದಾರ್ರು.

ಕ್ಲರ್ಕು ಫಾರಮ್ಮಿನ ಮೇಲಿಂದ ಕೆಳಗೆ ಬೆರಳು ಓಡಿಸಿದ. "ಕಣ್ಣಿದೆ, ಕಿವಿ ಇದೆ, ಹಲ್ಲಿದೆ, ಮೂಳೆ ಇದೆ. ನಿದ್ದೆ ಇಲ್ವಲ್ಲ ಸಾರ್."

"ಇಲ್ಲ ಅಂತಲೇ ಬಂದಿರೋದು."

ಕ್ಲರ್ಕು ಒಳ್ಳೆಯವನು, ಖಾಲಿ ಕೈಯಲ್ಲಿ ಕಳಿಸಲು ಮನಸ್ಸಿಲ್ಲ. "ಮಲಗಿದಾಗ ಏನಾದ್ರೂ ಆಗುತ್ತಾ?" ಅಂದ. "ಹಲ್ಲು ಕಡೀತೀನಿ ಅಂತಾಳೆ ನಮ್ಮನೆಯವಳು" ಅಂದರು. ಕ್ಲರ್ಕಿನ ಮುಖ ಅರಳಿತು. 'ಹಲ್ಲು' ಅನ್ನುವಲ್ಲಿ ಟಿಕ್ ಹಾಕಿಬಿಟ್ಟ.

ಹಲ್ಲಿನ ಡಾಕ್ಟರು ಬಾಯಿ ತೆಗೆಸಿ, ಲೈಟು ಬಿಟ್ಟು ನೋಡಿದರು. "ಮೂವತ್ತೆರಡೂ ಗಟ್ಟಿ ಇವೆ, ಕಬ್ಬು ಸಿಗೀಬಹುದು. ಆದ್ರೆ ತುದಿ ಎಲ್ಲ ಸವೆದಿದೆಯಲ್ಲ, ಯಾರ ಮೇಲೆ ಇಷ್ಟು ಹಲ್ಲು ಕಡೀತೀರಿ?" ಅಂದರು. ಸುಬೇದಾರ್ರು ಬಾಯಿ ತೆರೆದೇ ಇದ್ದರು. ನಾನು ಕುಕ್ಕರಿನ ಕಥೆ ಹೇಳಿದೆ. ಡಾಕ್ಟರು ಲೈಟು ಆರಿಸಿ, ಒಂದು ಚೀಟಿ ಬರೆದರು: ಇವರಿಗೆ ಮಾತಿನ ಚಿಕಿತ್ಸೆ ಬೇಕು. ಟಿ. ನರಸೀಪುರದ ಒಂದು ನರ್ಸಿಂಗ್ ಹೋಮಿನಲ್ಲಿ ಕಾರ್ಡು ನಡೆಯುತ್ತಿತ್ತು, ಗುರುವಾರ ಗುರುವಾರ ಮನಸ್ಸಿನ ಡಾಕ್ಟರಮ್ಮ ಬರುತ್ತಿದ್ದರು. ಹತ್ತು ಸಲ ಹೋಗಲು ಮಂಜೂರಾಯಿತು.

ಸುದ್ದಿ ಕೇಳಿ ಅಕ್ಕಯ್ಯ ಸೊಂಟದ ಮೇಲೆ ಕೈಯಿಟ್ಟರು. "ಮಾತಾಡ್ಸಕ್ಕೆ ಡಾಕ್ಟ್ರಾ? ಇಪ್ಪತ್ತು ವರ್ಸದಿಂದ ಈ ಮನುಸನ್ನ ನಾನು ಮಾತಾಡ್ಸ್ತಾ ಇವ್ನಿ, ನಂಗ್ಯಾವ ಸರ್ಕಾರ ಏನ್ ಕೊಡ್ತು?"

ಮಂಡಿ

ಗುರುವಾರ ಗುರುವಾರ ಆಟೋ ಮನೆ ಮುಂದೆ ನಿಂತರೆ ಊರು ಕೇಳದೆ ಬಿಡುತ್ತದೆಯೇ? ತಲೆ ಡಾಕ್ಟರ ಹತ್ತಿರ ಅಂದರೆ ಸಂಜೆಯೊಳಗೆ ಇನ್ನೇನೋ ಆಗಿರುತ್ತದೆ. ಅಕ್ಕಯ್ಯ ಯೋಚನೆ ಮಾಡಿ, "ಮಂಡಿ ನೋವು" ಅಂದುಬಿಟ್ಟರು.

ಮಂಡಿ ನೋವಿಗೆ ಔಷಧಿ ಗೊತ್ತಿಲ್ಲದವರು ಯಾರಿದ್ದಾರೆ! ಒಬ್ಬರು ಎಕ್ಕದ ಎಲೆ ತಂದರು, ಒಬ್ಬರು ಹರಳೆಣ್ಣೆ. ಚಿಕ್ಕಯ್ಯನಛತ್ರದಿಂದ ಅಕ್ಕಯ್ಯನ ಚಿಕ್ಕಪ್ಪ ಒಂದು ಬಾಟಲಿ ತೈಲ ಕಳಿಸಿದರು. ಅದರ ವಾಸನೆಗೆ ಆಟೋದೊಳಗೆ ಸೊಳ್ಳೆ ಒಂದು ತಿಂಗಳು ಬರಲಿಲ್ಲ. ಸುಳ್ಳು ಹೇಳಿ ಅಭ್ಯಾಸವಿಲ್ಲದ ಸುಬೇದಾರ್ರು, ಹೆಂಡತಿ ಮಾತು ಉಳಿಸಲು ಮನೆ ಬಾಗಿಲಿಂದ ಆಟೋವರೆಗೆ ಕುಂಟತೊಡಗಿದರು. ಅದನ್ನೂ ಕವಾಯತಿನ ಥರ, ಒಂದೇ ತಾಳದಲ್ಲಿ.

ಎದುರು ಮನೆ ಜಗುಲಿಯಲ್ಲಿ ಒಬ್ಬ ಅಜ್ಜಿ ಕೂತಿರುತ್ತಿದ್ದರು. ಕಣ್ಣು ಮಂಜು ಅಂತ ಎಲ್ಲರೂ ಅಂದುಕೊಂಡಿದ್ದರು. ಮೂರನೇ ಗುರುವಾರ ನಾವು ವಾಪಸ್ ಬಂದಾಗ ಅಜ್ಜಿ ಕೂಗಿದರು:

"ಏನ್ಲಾ ಮಗ, ಓಗ್ತಾ ಎಡಗಾಲು, ಬತ್ತಾ ಬಲಗಾಲು?"

ಸುಬೇದಾರ್ರು ನಿಂತಲ್ಲೇ ಅಟೆನ್ಷನ್ ಆದರು. ನಾನು ಬಾಯಿ ಹಾಕಿದೆ. "ಡಾಕ್ಟ್ರು ಎಡಗಾಲು ವಾಸಿ ಮಾಡಿದ್ರು ಕಣಜ್ಜಿ. ಬಲಗಾಲು ಮುಂದಿನ ವಾರ."

"ಅಂಗಾರೆ ನನ್ನೂ ಕರ್ಕೊಂಡೋಗ್ಲಾ" ಅಂದರು ಅಜ್ಜಿ. "ನಂಗೆ ಎಲ್ಡೂ ಒಂದೇ ದಪ ನೋಯ್ತವೆ."

ಬೆನ್ನು

ಮೊದಲ ಮೂರು ಗುರುವಾರ ಡಾಕ್ಟರಮ್ಮನ ರೂಮಿನಲ್ಲಿ ನಡೆದದ್ದು ಇಷ್ಟೇ. ಬಾಗಿಲ ಹೊರಗಿನ ಬೆಂಚಿಗೆ ಎಲ್ಲ ಕೇಳುತ್ತಿತ್ತು.

"ಹೇಗಿದ್ದೀರಿ?"

"ಸಬ್ ಠೀಕ್, ಮೇಡಂ."

"ನಿದ್ದೆ ಹೇಗೆ?"

"ಸಬ್ ಠೀಕ್."

ಆಮೇಲೆ ಒಂದು ಗಂಟೆ ಫ್ಯಾನಿನ ಸದ್ದು. ಮಿಲಿಟರಿಯಲ್ಲಿ ಎದುರಿಗೆ ನಿಂತವರು ಹೇಗಿದ್ದೀಯಾ ಅಂತ ಕೇಳಿದರೆ ಇರುವ ಉತ್ತರ ಒಂದೇ ಅಂತೆ. ಡಾಕ್ಟರಮ್ಮ ಅದನ್ನೇ ಬರೆದುಕೊಂಡರು: ಎಲ್ಲ ಸರಿ ಇದೆ ಎನ್ನುತ್ತಾರೆ.

ಆಟೋ ಹತ್ತಿ ನಾಲೆಯ ಸೇತುವೆ ದಾಟುವುದೇ ತಡ, ಹಿಂದಿನಿಂದ ಮಾತು ಶುರು. ನಾನೊಮ್ಮೆ ತಿರುಗಿ "ಆಮೇಲೆ ಸಾ?" ಅಂದೆ. ಮಾತು ಕಟ್! "ಮುಂದೆ ನೋಡಿ ಓಡ್ಸು" ಅಂದರು. ಕನ್ನಡಿಯಲ್ಲಿ ನೋಡಿದೆ, ಕನ್ನಡಿಯನ್ನೂ ಆಕಾಶಕ್ಕೆ ತಿರುಗಿಸಿದರು. ಅಲ್ಲಿಂದ ಹಿಂದೆ ಬಂದ ಲಾರಿ, ಬಸ್ಸು, ಕಬ್ಬಿನ ಟ್ರ್ಯಾಕ್ಟರ್ ಎಲ್ಲದರಿಂದ ಬೈಸಿಕೊಳ್ಳುತ್ತಾ ಓಡಿಸಿದೆ. ಅವರು ಮಾತಾಡುತ್ತಿದ್ದದ್ದು ನನ್ನ ಬೆನ್ನಿನ ಜೊತೆ. ಬೆನ್ನಿಗೆ ಹೇಳಿದ್ದನ್ನು ಇಲ್ಲಿ ಬರೆಯುವುದಿಲ್ಲ. ಆಮೇಲೆ ಅವರೇ ಊರಿನವರಿಗೆಲ್ಲ ಹೇಳಿದ್ದರಿಂದ ಒಂದು ಮಾತ್ರ: ಗುಡ್ಡದ ಮೇಲೆ ಅವತ್ತು ನೀರು ತರುವ ಸರದಿ ಇವರದ್ದು. "ನೀನು ಕೂರು" ಅಂತ ಗೆಳೆಯ ಹೋದ. ಬರಲಿಲ್ಲ.

ಅದನ್ನು ಕೇಳಿದಾಗ ನಾನು ಸುಮಾರು ದೂರ ಗೇರು ಬದಲಾಯಿಸುವುದನ್ನೇ ಮರೆತಿದ್ದೆ.

ಹೇಳಿ ಮುಗಿಸಿದರು. ಸ್ವಲ್ಪ ಹೊತ್ತಿಗೆ ಗೊರಕೆ. ವರ್ಷಗಟ್ಟಲೆ ನಿದ್ದೆ ಮಾಡದವರು ಮಟಮಟ ಮಧ್ಯಾಹ್ನ ಮಲಗಿಬಿಟ್ಟಿದ್ದರು. ಎಬ್ಬಿಸಲು ಮನಸ್ಸಾಗದೆ ದೇವನೂರು ದಾಟಿ ಹೋದೆ, ತಿರುಗಿಸಿಕೊಂಡು ಬಂದೆ, ಮತ್ತೆ ದಾಟಿದೆ. ಊರ ಮುಂದೆ ಆರು ಸಲ ಹಾದದ್ದನ್ನು ನೋಡಿ ಅಜ್ಜಿ, "ಆಟೋಗೂ ಮಂಡಿ ಇಡ್ಕತಾ?" ಅಂದರಂತೆ.

ನಾಲ್ಕನೇ ಗುರುವಾರ ತಡೆಯಲಾರದೆ ಡಾಕ್ಟರಮ್ಮನಿಗೆ ಹೇಳಿದೆ. "ಇವರು ಮುಖಕ್ಕೆ ಮಾತಾಡಲ್ಲ ಮೇಡಂ, ಬೆನ್ನಿಗೆ ಮಾತಾಡ್ತಾರೆ." ಅವರು ನಗಲಿಲ್ಲ. ಹೊರಗೆ ಬಂದು ನನ್ನ ಸೀಟಿನ ಮೇಲೆ ಎರಡು ನಿಮಿಷ ಕೂತು, ಹ್ಯಾಂಡಲ್ ಹಿಡಿದು ನೋಡಿದರು. ಒಳಗೆ ಹೋಗಿ ತಮ್ಮ ಕುರ್ಚಿಯನ್ನು ಗೋಡೆ ಕಡೆ ತಿರುಗಿಸಿಕೊಂಡು ಕೂತರು, ಸುಬೇದಾರ್ರ ಕುರ್ಚಿ ಅವರ ಬೆನ್ನ ಹಿಂದೆ. ಡಾಕ್ಟರಮ್ಮನ ತುರುಬಿನ ಎದುರು ಸುಬೇದಾರ್ರು ಒಂದು ಗಂಟೆ ಹತ್ತು ನಿಮಿಷ ಮಾತಾಡಿದರು.

ಟೀ ತಂದ ನರ್ಸಮ್ಮ ಬಾಗಿಲಲ್ಲೇ ನಿಂತು ನೋಡಿ, ಹಾಗೇ ವಾಪಸ್ ಬಂದು ನನ್ನ ಕಿವಿಯಲ್ಲಿ ಅಂದರು: "ಒಳ್ಳೆ ಮನುಷ್ಯ ಅಂದ್ಕೊಂಡಿದ್ದೆ. ಮೇಡಮ್ಮಿಗೆ ಅಷ್ಟು ಕೋಪ ಬರೋ ಹಂಗೆ ಏನಂದ್ರು?"

ಗೋಡೆ

ಹತ್ತು ಸಲ ಮುಗಿಯಿತು. ಸುಬೇದಾರ್ರು ಮನೆಯಲ್ಲೂ ಒಂದೆರಡು ಗಂಟೆ ಮಲಗಲು ಕಲಿತಿದ್ದರು. ಈಗ ಬಿಟ್ಟರೆ ಮೊದಲಿನಂತೆಯೇ, ಇನ್ನೂ ಹತ್ತು ಸಲ ಬೇಕೇ ಬೇಕು ಅಂತ ಡಾಕ್ಟರಮ್ಮ ಬರೆದರು. ಆದರೆ ಮೊದಲ ಮೂರು ವಾರದ ಕಾಗದದಲ್ಲಿ 'ಎಲ್ಲ ಸರಿ ಇದೆ' ಅಂತಲೇ ಇತ್ತಲ್ಲ. ಸರಿ ಇದ್ದವರಿಗೆ ಚಿಕಿತ್ಸೆ ಯಾಕೆ, ಖುದ್ದು ಬಂದು ಹೇಳಲಿ ಅಂತ ಮೈಸೂರಿನಿಂದ ಕರೆ ಬಂತು.

ಅಕ್ಕಯ್ಯನೂ ಹೊರಟರು. ಕೊನೇ ಸೀಟಿಗಾಗಿ ಬೆಳಗಿನ ಮೊದಲ ಬಸ್ಸು ಹಿಡಿದೆವು. ತಾಂಡವಪುರ ದಾಟುವವರೆಗೂ ಅಕ್ಕಯ್ಯ ಗಂಡನಿಗೆ ಪಾಠ ಹೇಳಿಕೊಟ್ಟರು. "ನಿದ್ದೆ ಬರಾಕಿಲ್ಲ ಅನ್ನಿ. ಬಾಯ್ಬುಟ್ಟು ಅನ್ನಿ. ಎಲ್ಲಿ, ಒಂದ್ಸಲ ಅನ್ನಿ?" ಸುಬೇದಾರ್ರು ಕಿಟಕಿ ಹೊರಗೆ ನೋಡುತ್ತಾ "ನಿದ್ದೆ ಬರಲ್ಲ" ಅಂದರು. ಪಕ್ಕದಲ್ಲಿದ್ದವರು ಪಾಪ, ತಮ್ಮ ಹೆಗಲು ಕೊಟ್ಟರು.

ಮೇಜಿನ ಹಿಂದೆ ಒಬ್ಬ ಹಿರಿಯ ಅಧಿಕಾರಿ. ನಿವೃತ್ತ ಕರ್ನಲ್ಲು, ಬಿಳಿ ಮೀಸೆ, ಕನ್ನಡ ಚೆನ್ನಾಗಿ ಬರುತ್ತಿತ್ತು.

"ಹೇಗಿದ್ದೀರಿ ಸುಬೇದಾರ್ ಸಾಬ್?"

ಹಿಮ್ಮಡಿ ಟಪ್ ಅಂತು. "ಸಬ್ ಠೀಕ್, ಸರ್!"

"ನಿದ್ದೆ?"

"ಠೀಕ್, ಸರ್!"

"ಭಯ, ಗಾಬರಿ ಏನಾದರೂ?"

"ನಹೀ, ಸರ್!"

"ಒಳ್ಳೆಯದಾಯ್ತು. ಹಾಗಾದರೆ ಇನ್ನು ಬೇಕಿಲ್ಲ" ಅಂತ ಕರ್ನಲ್ಲು ಪೆನ್ನು ತೆಗೆದರು. ಸುಬೇದಾರ್ರು ಅಟೆನ್ಷನ್ನಿನಲ್ಲೇ ನಿಂತಿದ್ದರು.

ಅಕ್ಕಯ್ಯ ಎದ್ದರು. "ತಪ್ಪು ತಿಳ್ಕಬ್ಯಾಡಿ ಸಾ. ವಸಿ ಆ ಕಡೀಕ್ ತಿರುಗಿ."

"ಯಾವ ಕಡೆಗಮ್ಮ?"

"ಗೋಡೆ ಕಡೀಕೆ."

ಶಾಲೆ ಬಿಟ್ಟ ಮೇಲೆ ಕರ್ನಲ್ಲಿಗೆ ಯಾರೂ ಹಾಗೆ ಹೇಳಿರಲಿಕ್ಕಿಲ್ಲ. ಅವರು ಬಾಯಿ ತೆರೆಯುವಷ್ಟರಲ್ಲಿ ಅಕ್ಕಯ್ಯ ಮೇಜು ಸುತ್ತಿಕೊಂಡು ಹೋಗಿ, ತಿರುಗುವ ಕುರ್ಚಿಯ ಬೆನ್ನು ಹಿಡಿದು, ರಾಗಿಕಲ್ಲು ತಿರುಗಿಸುವಂತೆ ಒಂದು ಅರ್ಧ ಸುತ್ತು ತಿರುಗಿಸಿದರು. ಬಾಗಿಲಲ್ಲಿದ್ದ ಅಟೆಂಡರು ಗೋಡೆ ಹಿಡಿದುಕೊಂಡ. ಕರ್ನಲ್ಲಿನ ಎದುರಿಗೆ ಈಗ ಒಂದು ಕ್ಯಾಲೆಂಡರು.

ಸುಬೇದಾರ್ರು ಆ ಬೆನ್ನು ನೋಡಿದರು. ನಿಧಾನಕ್ಕೆ ಕೂತರು. ಮಾತು ಬಂತು. ನೀರಿನ ಸರದಿಯಿಂದ ಶುರುವಾಗಿ ಕುಕ್ಕರು, ನನ್ನ ಆಟೋದ ನಿದ್ದೆಯವರೆಗೆ, ಒಂದೂ ಬಿಡಲಿಲ್ಲ. ಮುಗಿದ ಮೇಲೂ ಕುರ್ಚಿ ತಿರುಗಲಿಲ್ಲ. ನಾವು ಒಬ್ಬರ ಮುಖ ಒಬ್ಬರು ನೋಡಿದೆವು.

ಕರ್ನಲ್ಲು ಕ್ಯಾಲೆಂಡರಿಗೆ ಹೇಳಿದರು: "ನಮ್ಮ ಮನೆಯಲ್ಲೂ ಕುಕ್ಕರು ಇಡಲ್ಲ."

ಆಮೇಲೆ ಕೈ ಮಾತ್ರ ಹಿಂದಕ್ಕೆ ಚಾಚಿದರು. ಅಕ್ಕಯ್ಯ ಕಾಗದ ಕೊಟ್ಟರು. ಮಂಡಿ ಮೇಲಿಟ್ಟುಕೊಂಡು ಸಹಿ ಹಾಕಿ ಹಾಗೇ ಹಿಂದಕ್ಕೆ ಕೊಟ್ಟರು. ನಾವು ಬಾಗಿಲು ದಾಟುವಾಗ ಗೋಡೆ ಕಡೆಯಿಂದಲೇ ದನಿ ಬಂತು:

"ಆ ಆಟೋ ನಂಜನಗೂಡಿನಲ್ಲಿ ಯಾವ ಸ್ಟ್ಯಾಂಡಿನಲ್ಲಿ ನಿಲ್ಲುತ್ತೆ?"

ಮಗ್ಗಿ

ಎರಡನೇ ಹತ್ತೂ ಮುಗಿಯುವ ಹೊತ್ತಿಗೆ ಒಂದು ದಿನ ದೇವನೂರಿಗೆ ಹೋದಾಗ ರಾಗಿ ಹಿಟ್ಟು ಡಬ್ಬಕ್ಕೆ ಹೋಗಿತ್ತು, ಕುಕ್ಕರು ಒಲೆಯ ಮೇಲಿತ್ತು. ಸುಬೇದಾರ್ರು ಬಾಗಿಲ ಚೌಕಟ್ಟು ಹಿಡಿದು, ಕಣ್ಣು ಮುಚ್ಚಿ, ಬೆವರುತ್ತಾ ನಿಂತಿದ್ದರು. ಕೂಗಿತು. ಅವರು ಕದಲಲಿಲ್ಲ. ಇನ್ನೊಂದು. ಮತ್ತೊಂದು. "ಮೂರಾಯ್ತು, ಇಳ್ಸೇ, ಬೇಳೆ ಕರಗೋಯ್ತದೆ" ಅಂದರು.

ಅವತ್ತೇ ನನ್ನ ಕಾಲು ಕಡಿಯಲು ಶುರುವಾದದ್ದು. ಆಟೋವನ್ನು ಸ್ಟ್ಯಾಂಡಿನ ಇನ್ನೊಬ್ಬನಿಗೆ ಒಪ್ಪಿಸಿ, "ಗುರುವಾರ ಮಾತ್ರ ಕನ್ನಡಿ ಆಕಾಶಕ್ಕೆ ತಿರುಗಿಸ್ಕೋ" ಅಂತ ಹೇಳಿದೆ. ಎರಡು ಅಂಗಿ, ಒಂದು ಲುಂಗಿ, ಟವೆಲ್ಲು ಬ್ಯಾಗಿಗೆ ತುರುಕುತ್ತಿದ್ದಾಗ ಸುಬೇದಾರ್ರು ಬಂದು ನಿಂತರು.

"ಯಾಕೆ ಹೋಗ್ತೀಯಾ?"

ನಾನು ಎಂದಿನಂತೆ ನಕ್ಕೆ. "ಏನಿಲ್ಲ ಸಾ, ಹಿಂಗೇ."

ಅವರು ಮತ್ತೆ ಕೇಳಲಿಲ್ಲ. ಹೊರಗೆ ಇನ್ನೂ ನಿಂತಿದ್ದ ಆಟೋ ಹತ್ತಿರ ಹೋಗಿ ಡ್ರೈವರ್ ಸೀಟಿನಲ್ಲಿ ಕೂತು, ಕನ್ನಡಿ ಮೇಲಕ್ಕೆ ತಿರುಗಿಸಿ, ಮುಂದೆ ನೋಡುತ್ತಾ, "ಹತ್ತು" ಅಂದರು. ಹಿಂದೆ ಹತ್ತಿ ಕೂತೆ. ಎರಡು ವರ್ಷ ಆ ಆಟೋ ಓಡಿಸಿದ್ದೆ, ಆ ಸೀಟಿನಲ್ಲಿ ಕೂತದ್ದು ಅದೇ ಮೊದಲು. ಎದುರಿಗೆ ಅಗಲವಾದ ಬೆನ್ನು.

"ಹದಿನೇಳರ ಮಗ್ಗಿ ಬರ್ತಿರಲಿಲ್ಲ ಸಾ" ಅಂದೆ. ಬಾಯಿಂದ ಅದು ತಾನಾಗೇ ಬಂತು. "ಮೇಷ್ಟ್ರು ಇನ್ನೇನು ನನ್ನ ಕೇಳ್ತಾರೆ ಅಂತ ಎದ್ದು ಹೋದೆ. ಅಲ್ಲಿಂದ ಯಾರು ಏನು ಕೇಳೋಕೆ ಹತ್ತಿರ ಬಂದ್ರೂ ಎದ್ದು ಹೋಗೋದೇ ಆಯ್ತು."

ಅವರ ಬೆನ್ನು ಅಲುಗಿತು. ಅಳುತ್ತಿದ್ದಾರೇನೋ ಅಂತ ನನಗೆ ಗಾಬರಿ. ನೋಡಿದರೆ ನಗು ತಡೆಯುತ್ತಿದ್ದರು.

"ನಂಗೂ ಬತ್ತಿರ್ನಿಲ್ಲ ಕಣೋ" ಅಂದರು ತಿರುಗದೆ. "ಅದಕ್ಕೇ ಮಿಲಿಟ್ರಿಗೆ ಸೇರಿದ್ದು."

ಇಬ್ಬರೂ ನಕ್ಕು ನಕ್ಕು ಸಾಕಾದ ಮೇಲೆ ಇಳಿದು, ಬ್ಯಾಗಿನ ಜಿಪ್ಪು ಎಳೆದೆ. ಅವರು ಮುಂದೆಯೇ ನೋಡುತ್ತಿದ್ದರು.

"ಎಲ್ಲಿಗೆ?"

"ನೀರು ಕುಡಿದು ಬತ್ತೀನಿ ಸಾ."

"ಬೇಗ ಬಾ" ಅಂದರು.